ಆಕಾಶಕ್ಕೆ ಹೋದ ಆಸ್ತಿ (ಕಥೆಯೊಳಗಿನ ಇತಿಹಾಸ, ಭಾಗ 4)

ಪಬ್ಲಿಕ್ ಗೂಡ್ಸ್ ಪಾಠ ನೆನಪಿದ್ಯಾ? ಎಲ್ಲರ ನೋಟ್ಸ್‌ನಲ್ಲೂ ಅದೇ ಲೈಟ್‌ಹೌಸ್ ಉದಾಹರಣೆ. ಒಂದು ಹಡಗು ಅದರ ಬೆಳಕು ಬಳಸಿಕೊಂಡ್ರೆ ಇನ್ನೊಂದು ಹಡಗಿಗೆ ಬೆಳಕು ಕಮ್ಮಿ ಆಗಲ್ಲ. ದುಡ್ಡು ಕೊಡದವನ ಕಣ್ಣಿಗೆ ಮಾತ್ರ ಕಾಣದ ಹಾಗೆ ಮಾಡೋಕೂ ಆಗಲ್ಲ. (ಇಂಗ್ಲೆಂಡಿನಲ್ಲಿ ಖಾಸಗಿಯವರೂ ಲೈಟ್‌ಹೌಸ್ ನಡೆಸಿ ಬಂದರಿನಲ್ಲಿ ಶುಲ್ಕ ವಸೂಲಿ ಮಾಡ್ತಿದ್ರು ಅಂತ ರೊನಾಲ್ಡ್ ಕೋಸ್ 1974ರಲ್ಲೇ ಬರೆದು ಈ ಉದಾಹರಣೆಗೆ ಕಲ್ಲು ಹಾಕಿದ್ರು. ಎಕ್ಸಾಮ್‌ನಲ್ಲಿ ಅದನ್ನ ಬರೀಬೇಡಿ, ಟೈಮ್ ಸಾಲಲ್ಲ.) ನನಗೆ ಆ ಪಾಠದಲ್ಲಿ ನೆನಪಾದದ್ದು ಒಂದು ನಕ್ಷತ್ರ. ನಿಜವಾಗಿ ಇಲ್ಲದ ನಕ್ಷತ್ರ.

ಅದು ಹುಟ್ಟಿದ್ದು 1914ರ ಸೆಪ್ಟೆಂಬರ್‌ನಲ್ಲಿ. ಆಗಸ್ಟ್‌ನಲ್ಲಿ ಬ್ರಿಟನ್ ಮೊದಲ ಮಹಾಯುದ್ಧಕ್ಕೆ ಇಳಿದಿತ್ತು. ಆಕ್ಸ್‌ಫರ್ಡ್‌ನಲ್ಲಿ ಡಿಗ್ರಿ ಓದ್ತಿದ್ದ ಜೆ.ಆರ್.ಆರ್. ಟೋಲ್ಕೀನ್‌ಗೆ 22 ವರ್ಷ. ನಾಟಿಂಗ್‌ಹ್ಯಾಮ್ ಹತ್ತಿರದ ಗೆಡ್ಲಿಂಗ್‌ನಲ್ಲಿ ಚಿಕ್ಕಮ್ಮನ ತೋಟದ ಮನೆಗೆ ಹೋಗಿದ್ದಾಗ ಅವರು ಒಂದು ಪದ್ಯ ಬರೆದರು. ಹಳೆಯ ಇಂಗ್ಲಿಷ್‌ನ ಒಂದು ಧಾರ್ಮಿಕ ಕಾವ್ಯದಲ್ಲಿ ಸಿಕ್ಕಿದ್ದ ಒಂದೇ ಒಂದು ಪದ ಅವರ ತಲೆಗೆ ಹತ್ತಿಕೊಂಡಿತ್ತು: ಎಯಾರೆಂಡೆಲ್. ಬೆಳಗಿನ ನಕ್ಷತ್ರ, ಉದಯದ ಬೆಳಕು, ಹೀಗೆ ಏನೋ ಅರ್ಥ. ನಮ್ಮಜ್ಜಿ ಬೆಳ್ಳಿ ಅಂತಾರಲ್ಲ, ಆ ಶುಕ್ರನೇ ಅಂದ್ಕೊಳ್ಳಿ. ಟೋಲ್ಕೀನ್ ಆ ಪದವನ್ನ ಒಬ್ಬ ನಾವಿಕನ ಹೆಸರು ಮಾಡಿ, ಅವನ ಹಡಗನ್ನ ಆಕಾಶಕ್ಕೆ ಹತ್ತಿಸಿಬಿಟ್ರು.

ಪದ್ಯ ಓದಿದ ಗೆಳೆಯ ಜಿ.ಬಿ. ಸ್ಮಿತ್ ಇದು ಯಾವುದರ ಬಗ್ಗೆ ಅಂತ ಕೇಳಿದ. ನನಗೂ ಗೊತ್ತಿಲ್ಲ, ಹುಡುಕ್ತೀನಿ ಅಂದ್ರಂತೆ ಟೋಲ್ಕೀನ್. ಉತ್ತರ ಪೂರ್ತಿ ಸಿಗುವಷ್ಟರಲ್ಲಿ ಸ್ಮಿತ್ ಇರಲಿಲ್ಲ. 1916ರ ಡಿಸೆಂಬರ್‌ನಲ್ಲಿ ಫ್ರಾನ್ಸ್‌ನ ಯುದ್ಧಭೂಮಿಯಲ್ಲಿ ಗಾಯಗೊಂಡು ತೀರಿಹೋದ. ಅದೇ ವರ್ಷ ಜುಲೈ 1ರಂದು, ಸೋಮ್ ಕದನದ ಮೊದಲ ದಿನ, ಅವರ ಇನ್ನೊಬ್ಬ ಗೆಳೆಯ ರಾಬ್ ಗಿಲ್ಸನ್ ಸತ್ತಿದ್ದ. ನಾಲ್ಕೇ ಜನರ ಗುಂಪು ಅದು, ಸ್ಕೂಲಿನಿಂದ ಬಂದದ್ದು. ನಮ್ಮ ವಾಟ್ಸಾಪ್ ಗ್ರೂಪಲ್ಲಿ ಇಬ್ಬರು ಇಲ್ಲದ ಹಾಗೆ ಊಹಿಸಿಕೊಳ್ಳಿ. ನನಗೆ ಆಗ್ಲಿಲ್ಲ.

ಈಗ ಕಥೆಯ ಒಳಗಿನ ಇತಿಹಾಸಕ್ಕೆ ಬನ್ನಿ. ಫೆಯನೋರ್ ಅನ್ನೋ ಎಲ್ಫ್ ಮೂರು ರತ್ನ ಮಾಡಿದ, ಹೆಸರು ಸಿಲ್ಮರಿಲ್. ಸೂರ್ಯ ಚಂದ್ರರಿಗಿಂತ ಹಳೆಯ ಬೆಳಕು ಅದರಲ್ಲಿತ್ತು. ಮೋರ್ಗೋತ್ ಅದನ್ನ ಕದ್ದ. ಇದು ನಮ್ಮದು, ಯಾರ ಕೈಯಲ್ಲಿದ್ದರೂ ಬಿಡಲ್ಲ ಅಂತ ಫೆಯನೋರ್ ಮತ್ತು ಅವನ ಏಳು ಮಕ್ಕಳು ಆಣೆ ಮಾಡಿದ್ರು. ಆಮೇಲೆ ನಡೆದದ್ದು ನಮ್ಮ ಊರಿನ ಭಾಗದ ಕೇಸಿನ ಥರಾನೇ, ಆದ್ರೆ ಕೋರ್ಟ್ ಬದಲು ಕತ್ತಿ. ಒಂದು ರತ್ನ ಮೋರ್ಗೋತ್‌ನ ಕಿರೀಟದಿಂದ ಬಿಡಿಸಿಕೊಂಡು ಬಂದವರ ಮೊಮ್ಮಗಳು ಎಲ್ವಿಂಗ್‌ಗೆ ಸೇರಿತು. ಅದಕ್ಕೋಸ್ಕರ ಫೆಯನೋರ್‌ನ ಮಕ್ಕಳು ಮೊದಲು ಡೋರಿಯಾತ್ ಹಾಳು ಮಾಡಿದ್ರು, ಆಮೇಲೆ ಸಿರಿಯನ್ ಬಂದರು. ಕೊಂದದ್ದು ಶತ್ರುಗಳನ್ನಲ್ಲ, ತಮ್ಮದೇ ಜನರನ್ನ.

ಸಿರಿಯನ್‌ನಲ್ಲಿ ಎಲ್ವಿಂಗ್ ರತ್ನದ ಸಮೇತ ಸಮುದ್ರಕ್ಕೆ ಹಾರಿದಳು, ಹಕ್ಕಿಯಾಗಿ ಗಂಡ ಎಯಾರೆಂಡಿಲ್‌ನ ಹಡಗು ಸೇರಿದಳು. ಅವನು ಆ ಬೆಳಕಿನ ಸಹಾಯದಿಂದ ಪಶ್ಚಿಮದ ದೇವತೆಗಳ ನಾಡು ತಲುಪಿ, ಎಲ್ಫ್‌ಗಳು ಮತ್ತು ಮನುಷ್ಯರು ಇಬ್ಬರ ಪರವಾಗಿಯೂ ಸಹಾಯ ಕೇಳಿದ. ಸಿಕ್ಕಿತು. ಆದ್ರೆ ಅವನಿಗೆ ವಾಪಸ್ ಹೋಗೋ ದಾರಿ ಮುಚ್ಚಿತು. ಹಣೆಯ ಮೇಲೆ ರತ್ನ ಇಟ್ಟುಕೊಂಡು ಆಕಾಶದಲ್ಲಿ ಹಡಗು ನಡೆಸೋದೇ ಅವನ ಕೆಲಸ ಆಯ್ತು. ಕೆಳಗಿದ್ದವರು ಅದಕ್ಕೆ ಗಿಲ್-ಎಸ್ತೆಲ್ ಅಂತ ಹೆಸರಿಟ್ರು, ಭರವಸೆಯ ನಕ್ಷತ್ರ.

ಅದು ಮೊದಲ ಸಲ ಮೂಡಿದಾಗ ನೋಡಿದವರಲ್ಲಿ ಫೆಯನೋರ್‌ನ ಮಕ್ಕಳಲ್ಲಿ ಬದುಕುಳಿದಿದ್ದ ಇಬ್ಬರೂ ಇದ್ರು. ನಮ್ಮ ರತ್ನ ಅಂತ ಗುರುತು ಹಿಡಿದ್ರು. ಆಗ ಮಾಗ್ಲೋರ್ ಅಣ್ಣನಿಗೆ ಹೇಳೋ ಮಾತು, ನನ್ನ ಪ್ರಕಾರ, ಇಡೀ ಪುಸ್ತಕದಲ್ಲೇ ದೊಡ್ಡದು: ಅದು ಅದೇ ಆಗಿದ್ರೆ ಖುಷಿಪಡೋಣ, ಈಗ ಎಷ್ಟೋ ಜನ ನೋಡಬಹುದು, ಯಾವ ಕೆಟ್ಟವರ ಕೈಗೂ ಸಿಗಲ್ಲ. ಎರಡು ಊರು ಸುಟ್ಟವನು ಹೇಳೋದು ಇದನ್ನ! ಆದ್ರೂ ಆಣೆ ಬಿಡಲಿಲ್ಲ. ಉಳಿದೆರಡು ರತ್ನ ಕದ್ದರು, ಮುಟ್ಟಿದ ಕೈ ಸುಟ್ಟಿತು.

ಮುಂದೆ ಆ ನಕ್ಷತ್ರ ಏನೇನಾಯ್ತು ನೋಡಿ. ಯುದ್ಧದಲ್ಲಿ ಜೊತೆ ನಿಂತ ಮನುಷ್ಯರು ಹೊಸ ದ್ವೀಪ ನ್ಯೂಮೆನೋರ್‌ಗೆ ಹಡಗಿನಲ್ಲಿ ಹೊರಟಾಗ ದಾರಿ ತೋರಿಸಿದ್ದು ಅದೇ, ಬೆಳಗ್ಗೆಯೂ ಕಾಣುವಷ್ಟು ಪ್ರಖರವಾಗಿ. ಅಪ್ಪಟ ಲೈಟ್‌ಹೌಸ್. ಸಾವಿರಾರು ವರ್ಷ ಆದಮೇಲೆ ಗ್ಯಾಲಾಡ್ರಿಯೆಲ್ ಅದರ ಬೆಳಕನ್ನ ತನ್ನ ಕೊಳದ ನೀರಲ್ಲಿ ಹಿಡಿದು ಒಂದು ಚಿಕ್ಕ ಸೀಸೆಗೆ ತುಂಬಿ ಫ್ರೋಡೋಗೆ ಕೊಡ್ತಾಳೆ. ಜೇಡದ ಗುಹೆಯಲ್ಲಿ ಅವನನ್ನ ಉಳಿಸೋದು ಅದು. ಅಷ್ಟು ಬೆಳಕು ತೆಗೆದ್ರೂ ಮೇಲಿನ ನಕ್ಷತ್ರ ಕಮ್ಮಿ ಆಗಲಿಲ್ಲ. ಮಾರ್ಡೋರ್‌ಗೆ ಇಳಿಯುವ ಮೊದಲು ಸ್ಯಾಮ್‌ಗೆ ತಟ್ಟನೆ ಹೊಳೆಯುತ್ತೆ: ಆ ಹಳೇ ಕಥೆ ಮುಗಿದೇ ಇಲ್ಲ, ನಾವೂ ಅದರೊಳಗೇ ಇದ್ದೀವಿ ಅಂತ.

ಇಲ್ಲಿಗೆ ನಿಲ್ಲಿಸಿದ್ರೆ ಚೆನ್ನಾಗಿರ್ತಿತ್ತು. ಆದ್ರೆ ಖರ್ಚಿನ ಕಡೆ ಒಂದು ಎಂಟ್ರಿ ಬಿಟ್ಟಿದ್ದೀನಿ.

ಎಯಾರೆಂಡಿಲ್‌ಗೆ ಇಬ್ಬರು ಚಿಕ್ಕ ಮಕ್ಕಳಿದ್ರು, ಎಲ್ರಾಂಡ್ ಮತ್ತು ಎಲ್ರಾಸ್. ಸಿರಿಯನ್ ಬಿದ್ದಾಗ ಸೆರೆ ಸಿಕ್ಕಿದ್ರು. ಮರುಕಪಟ್ಟು ಪ್ರೀತಿಯಿಂದ ಸಾಕಿದ್ದು ಅದೇ ಮಾಗ್ಲೋರ್. ಎಲ್ಲರಿಗೂ ಭರವಸೆಯ ನಕ್ಷತ್ರ, ಆ ಇಬ್ಬರಿಗೆ ಮಾತ್ರ ಮನೆಗೆ ಬರದ ಅಪ್ಪ. ನಮ್ಮಪ್ಪ ಲಾರಿ ಓಡಿಸ್ತಾರೆ. ಹತ್ತು ದಿನಕ್ಕೊಮ್ಮೆ ಬರ್ತಾರೆ, ಬಂದವರೇ ಮಲಗ್ತಾರೆ. ಊರಿಗೆಲ್ಲ ಈರುಳ್ಳಿ ತಲುಪುತ್ತೆ, ಸರಿ. ಚಿಕ್ಕವನಿದ್ದಾಗ ನನಗೆ ಈರುಳ್ಳಿ ಮೇಲೇ ಸಿಟ್ಟಿತ್ತು. ಹಾಗಾಗಿ ಎಯಾರೆಂಡಿಲ್‌ನ ಪೂರ್ತಿ ಕ್ಷಮಿಸೋಕೆ ನನಗಿನ್ನೂ ಆಗಿಲ್ಲ.

ಎಲ್ರಾಂಡ್ ಆರು ಸಾವಿರ ವರ್ಷಕ್ಕೂ ಹೆಚ್ಚು ಕಾಲ ಅದರ ಕೆಳಗೆ ಬದುಕಿದ. ಅವನ ಮನೆಗೆ ಬಂದು ಉಳಿದ ಮುದುಕ ಬಿಲ್ಬೋ ಒಂದು ರಾತ್ರಿ ಅಲ್ಲೇ ಎಯಾರೆಂಡಿಲ್ ಮೇಲೆ ತಾನು ಕಟ್ಟಿದ ಹಾಡು ಹೇಳ್ತಾನೆ. ಎಲ್ರಾಂಡ್ ಮನೇಲಿ ಕೂತು ಈ ವಿಷಯದ ಮೇಲೆ ಹಾಡು ಕಟ್ಟೋ ಧೈರ್ಯ ನಿನಗಿದ್ರೆ ಅದು ನಿನ್ನಿಷ್ಟ ಅಂತ ಅರಗಾರ್ನ್ ಮೊದಲೇ ಹೇಳಿರ್ತಾನೆ. ಅದನ್ನ ಮೊದಲು ಓದಿದಾಗ ತಮಾಷೆ ಅನ್ನಿಸಿತ್ತು.

2022ರ ಮಾರ್ಚ್‌ನಲ್ಲಿ ಹಬಲ್ ದೂರದರ್ಶಕದಲ್ಲಿ ಕಂಡ, ಬೆಳಕು ನಮ್ಮನ್ನ ತಲುಪೋಕೆ 1290 ಕೋಟಿ ವರ್ಷ ತಗೊಂಡ ಒಂದು ಚುಕ್ಕೆಗೆ ವಿಜ್ಞಾನಿಗಳು ಎಯಾರೆಂಡೆಲ್ ಅಂತಲೇ ಹೆಸರಿಟ್ರು. ಅದು ಒಂದೇ ನಕ್ಷತ್ರವೋ ಗುಂಪೋ ಅನ್ನೋ ವಾದ ಇನ್ನೂ ನಡೀತಿದೆ.

ಭಾಗ 5ರಲ್ಲಿ ನ್ಯೂಮೆನೋರ್. ದಾರಿ ತೋರಿಸಿದ ನಕ್ಷತ್ರವನ್ನೇ ಮರೆತು ಮುಳುಗಿದ ದ್ವೀಪ. ಇಂಟರ್ನಲ್ಸ್ ಮುಗೀಲಿ, ಹಾಕ್ತೀನಿ.