ಆರು ಸ್ವರಗಳ ಒಡೆಯ ಯಾರು?

ಅಮೆರಿಕದ ಒಂದು ಹೋಟೆಲು. ಕಪ್ಪು ಜನಾಂಗದ ಹಿರಿಯ ಸಂಗೀತಗಾರರೊಬ್ಬರು ಊಟಕ್ಕೆ ಬಂದು ಕುಳಿತಿದ್ದರು. ಅಷ್ಟರಲ್ಲಿ ಅಲ್ಲಿನ ಸ್ಪೀಕರಿನಲ್ಲಿ 'ಮೈ ಗರ್ಲ್' ಎಂಬ ಹಳೆಯ ಹಾಡು ಶುರುವಾಯಿತು. ಅವರು ಉತ್ಸಾಹದಿಂದ ಮಾಣಿಯ ಕಡೆ ತಿರುಗಿ ಏನೋ ಹೇಳಹೊರಟರು. ಆದರೆ ತಟ್ಟನೆ ಮಾತು ನುಂಗಿಕೊಂಡು, ತಿನ್ನಲು ಏನು ಬೇಕೆಂದಷ್ಟೇ ಹೇಳಿ ಸುಮ್ಮನಾದರು. ಈ ಹಾಡಿಗೆ ಗಿಟಾರ್ ನುಡಿಸಿದವನು ನಾನೇ ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಹೇಳಿದರೆ ಮುದುಕನಿಗೆ ಅರಳುಮರಳು ಎಂದುಕೊಂಡಾನು ಎಂಬ ಸಂಕೋಚ ಅವರನ್ನು ತಡೆಯಿತು.

ಅವರ ಹೆಸರು ರಾಬರ್ಟ್ ವೈಟ್. 2002ರ 'ಸ್ಟ್ಯಾಂಡಿಂಗ್ ಇನ್ ದ ಶ್ಯಾಡೋಸ್ ಆಫ್ ಮೋಟೌನ್' ಎಂಬ ಸಾಕ್ಷ್ಯಚಿತ್ರದಲ್ಲಿ ಈ ಪ್ರಸಂಗವನ್ನು ಹೇಳಲಾಗಿದೆ. ಲಕ್ಷಾಂತರ ಜನರಿಗೆ ಪರಿಚಿತವಾದ ನಾದವನ್ನು ಕೊಟ್ಟವನಿಗೆ ಅದು ತನ್ನದೆಂದು ಹೇಳಲೂ ಬಾಯಿ ಬರದಂತಾದುದು ಹೇಗೆ?

ಇದರ ಉತ್ತರ ಡೆಟ್ರಾಯಿಟ್ ನಗರದಲ್ಲಿದೆ. ಕಾರುಗಳ ಕಾರ್ಖಾನೆಗಳಿಗೆ ಹೆಸರಾದ ಈ ನಗರದಲ್ಲಿ ಬೆರ್ರಿ ಗಾರ್ಡಿ ಎಂಬ ಕಪ್ಪು ಯುವಕ ಕುಟುಂಬದವರಿಂದ 800 ಡಾಲರ್ ಸಾಲ ಪಡೆದು 1959ರಲ್ಲಿ ಧ್ವನಿಮುದ್ರಣ ಕಂಪೆನಿಯೊಂದನ್ನು ಆರಂಭಿಸಿದರು. ಅದೇ ಮುಂದೆ 'ಮೋಟೌನ್' ಎಂದು ಪ್ರಸಿದ್ಧವಾಯಿತು. ಗಾರ್ಡಿ ಹಿಂದೆ ಕಾರು ಕಾರ್ಖಾನೆಯಲ್ಲಿ ದುಡಿದವರು. ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಸಾಗುತ್ತಾ ಕಾರು ಸಿದ್ಧವಾಗುವಂತೆಯೇ ಹಾಡೂ ಸಿದ್ಧವಾಗಬೇಕೆಂಬುದು ಅವರ ಲೆಕ್ಕಾಚಾರ. ವೆಸ್ಟ್ ಗ್ರ್ಯಾಂಡ್ ಬುಲೆವಾರ್ಡಿನ ಸಾಧಾರಣ ಮನೆಯೊಂದು ಅವರ ಸ್ಟುಡಿಯೋ ಆಯಿತು. ಎಲ್ಲೆಂದರಲ್ಲಿ ವೈರುಗಳು ಜೋತಾಡುತ್ತಿದ್ದ ಆ ಕೋಣೆಯನ್ನು ವಾದಕರು 'ಹಾವಿನ ಗುಂಡಿ' ಎಂದು ಕರೆಯುತ್ತಿದ್ದರು.

ರಾತ್ರಿ ಕ್ಲಬ್ಬುಗಳಲ್ಲಿ ಜಾಝ್ ನುಡಿಸುತ್ತಿದ್ದವರೇ ಹಗಲಲ್ಲಿ ಇಲ್ಲಿನ ವಾದಕರು. 'ಫಂಕ್ ಬ್ರದರ್ಸ್' ಎಂದು ತಮ್ಮನ್ನು ಕರೆದುಕೊಂಡ ಈ ತಂಡದಲ್ಲಿ ಮೂವರು ಗಿಟಾರ್ ವಾದಕರಿದ್ದರು: ರಾಬರ್ಟ್ ವೈಟ್, ಎಡ್ಡಿ ವಿಲ್ಲಿಸ್ ಮತ್ತು ಜೋ ಮೆಸ್ಸಿನಾ. ಮೆಸ್ಸಿನಾ ಇಟಲಿ ಮೂಲದ ಬಿಳಿಯರು, ಉಳಿದಿಬ್ಬರು ಕಪ್ಪು ಜನಾಂಗದವರು. ವರ್ಣಭೇದ ಇನ್ನೂ ಜೀವಂತವಾಗಿದ್ದ ಆ ಕಾಲದಲ್ಲಿ ಮೂವರೂ ಪಕ್ಕಪಕ್ಕದಲ್ಲಿ ಕುಳಿತು ನುಡಿಸುತ್ತಿದ್ದರು.

'ಮೈ ಗರ್ಲ್' ಧ್ವನಿಮುದ್ರಣವಾದದ್ದು 1964ರಲ್ಲಿ. ಬರೆದವರು ಸ್ಮೋಕಿ ರಾಬಿನ್ಸನ್ ಮತ್ತು ರೊನಾಲ್ಡ್ ವೈಟ್, ಹಾಡಿದವರು 'ಟೆಂಪ್ಟೇಶನ್ಸ್' ತಂಡದವರು. ಆದರೆ ಹಾಡುಗಾರ ಬಾಯಿ ತೆರೆಯುವ ಮೊದಲೇ ಕೇಳುಗ ಹಾಡನ್ನು ಗುರುತಿಸುವುದು ರಾಬರ್ಟ್ ವೈಟ್ ಅವರ ಗಿಟಾರಿನಿಂದ. ಮೆಟ್ಟಿಲು ಹತ್ತಿದಂತೆ ಮೇಲೇರುವ ಆರು ಸ್ವರಗಳು. ನಮ್ಮ ಲೆಕ್ಕದಲ್ಲಿ ಸ ರಿ ಗ ಪ ದ ಸ, ಅಂದರೆ ಮೋಹನ ರಾಗದ ಆರೋಹಣ. 1965ರ ಮಾರ್ಚ್‌ನಲ್ಲಿ ಈ ಹಾಡು ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿತು.

ಧ್ವನಿಮುದ್ರಿಕೆಯ ಮೇಲೆ ಹಾಡುಗಾರರ ಹೆಸರಿತ್ತು, ಬರೆದವರ ಹೆಸರಿತ್ತು, ಕಂಪೆನಿಯ ಹೆಸರಿತ್ತು. ಗಿಟಾರ್ ನುಡಿಸಿದವರ ಹೆಸರು ಮಾತ್ರ ಇರಲಿಲ್ಲ. ಇದು ಆ ಒಂದು ಹಾಡಿನ ಕಥೆಯಲ್ಲ, 60ರ ದಶಕದುದ್ದಕ್ಕೂ ನಡೆದುಬಂದ ರೂಢಿ. ಕಂಪೆನಿಗೆ ತನ್ನ ವಾದಕರು ಬೇರೆಯವರ ಪಾಲಾಗುವುದು ಬೇಕಿರಲಿಲ್ಲ. ಆದರೂ ಹೆಚ್ಚಿನ ಸಂಪಾದನೆಗಾಗಿ ಅವರು ಗುಟ್ಟಾಗಿ ಹೊರಗೆ ಹೋಗಿ ನುಡಿಸುತ್ತಿದ್ದರು. 1967ರಲ್ಲಿ ಷಿಕಾಗೋದಲ್ಲಿ ಮುದ್ರಣವಾದ ಜಾಕಿ ವಿಲ್ಸನ್ ಅವರ 'ಹೈಯರ್ ಅಂಡ್ ಹೈಯರ್' ಹಾಡಿನ ಗಿಟಾರ್ ಕೂಡ ವೈಟ್ ಅವರದೇ.

ಗಾರ್ಡಿಯವರನ್ನು ಖಳನಾಯಕನೆಂದು ಬಿಡುವುದು ಸುಲಭ. ಆದರೆ ಕಪ್ಪು ಕಲಾವಿದರ ಹಾಡನ್ನು ಬಿಳಿಯರ ಮನೆಮನೆಗೆ ತಲುಪಿಸಿದ್ದು ಅವರ ಕಂಪೆನಿ. ವಾದಕರಿಗೆ ನಿಯಮಿತ ಕೆಲಸ ಸಿಕ್ಕಿದ್ದೂ ಅಲ್ಲಿಯೇ. ಅನ್ಯಾಯ ಇದ್ದದ್ದು ವ್ಯವಸ್ಥೆಯ ಒಳಗಡೆ. ಹಾಡು ಬರೆದವರಿಗೆ ಅದು ರೇಡಿಯೋದಲ್ಲಿ ಬಂದಾಗಲೆಲ್ಲ ಗೌರವಧನ ಸಲ್ಲುತ್ತದೆ. ವಾದಕನಿಗಾದರೋ ಅಂದಿನ ಕೂಲಿ ಕೈಗೆ ಬಂದರೆ ಅಲ್ಲಿಗೆ ಲೆಕ್ಕ ಮುಗಿಯಿತು. ಹಾಡಿಗೆ ಮುಖ ಕೊಟ್ಟ ಆ ಆರು ಸ್ವರಗಳು ಕಾನೂನಿನ ಕಣ್ಣಿಗೆ 'ರಚನೆ' ಆಗಲಿಲ್ಲ, 'ದುಡಿಮೆ' ಮಾತ್ರ ಆದವು.

1971ರಲ್ಲಿ ಮಾರ್ವಿನ್ ಗೇ ಅವರ 'ವಾಟ್ಸ್ ಗೋಯಿಂಗ್ ಆನ್' ಧ್ವನಿಮುದ್ರಿಕೆಯ ಹೊದಿಕೆಯ ಮೇಲೆ ಈ ವಾದಕರ ಹೆಸರುಗಳು ಅಚ್ಚಾದವು. ಮರುವರ್ಷವೇ ಕಂಪೆನಿ ಲಾಸ್ ಏಂಜಲೀಸಿಗೆ ಹೊರಟುಹೋಯಿತು. ತಂಡ ಚದುರಿತು. ವೈಟ್ 1994ರಲ್ಲಿ ತೀರಿಕೊಂಡರು. ಫಂಕ್ ಬ್ರದರ್ಸ್‌ಗೆ ಗ್ರ್ಯಾಮಿ ಜೀವಮಾನ ಸಾಧನೆಯ ಪ್ರಶಸ್ತಿ ಬಂದದ್ದು 2004ರಲ್ಲಿ.

ಕಾನೂನು ಇನ್ನೂ ನಿಧಾನವಾಗಿ ಬಂತು. ಡಿಜಿಟಲ್ ಪ್ರಸಾರದಿಂದ ಬರುವ ಗೌರವಧನದಲ್ಲಿ ಹೆಸರಿಲ್ಲದ ವಾದಕರಿಗೂ ಸಹಗಾಯಕರಿಗೂ ಸೇರಿ ಶೇಕಡಾ 5 ಪಾಲು ಮೀಸಲಿಟ್ಟ ಅಮೆರಿಕದ ಕಾಯ್ದೆ ಜಾರಿಯಾದದ್ದು 1995ರಲ್ಲಿ, ವೈಟ್ ತೀರಿಕೊಂಡ ಮರುವರ್ಷ. 1972ಕ್ಕೆ ಹಿಂದಿನ ಹಾಡುಗಳಿಗೆ ಅಂತಹ ರಕ್ಷಣೆ ಸಿಕ್ಕಿದ್ದು 2018ರ ಅಕ್ಟೋಬರ್‌ನಲ್ಲಿ. ಆ ವರ್ಷದ ಆಗಸ್ಟ್‌ನಲ್ಲೇ ಎಡ್ಡಿ ವಿಲ್ಲಿಸ್ ಕಣ್ಣು ಮುಚ್ಚಿದ್ದರು. ಮೂವರಲ್ಲಿ ಆ ದಿನ ನೋಡಿದವರು 2022ರವರೆಗೆ ಬದುಕಿದ್ದ ಮೆಸ್ಸಿನಾ ಒಬ್ಬರೇ.

ದುಡಿದವನ ಬೆವರು ಆರುವ ಮುನ್ನ ಕೂಲಿ ಕೊಡಬೇಕು ಎನ್ನುತ್ತೇವೆ. ಕೂಲಿಯ ಜೊತೆಗೆ ಹೆಸರನ್ನೂ ಕೊಡಬೇಕಲ್ಲವೇ? ಹಣ ಬಾರದಿದ್ದರೆ ಮನುಷ್ಯ ಬಡವನಾಗುತ್ತಾನೆ. ಹೆಸರೇ ಇಲ್ಲದಿದ್ದರೆ ತಾನು ಮಾಡಿದ್ದನ್ನು ತಾನೇ ಹೇಳಿಕೊಳ್ಳಲು ಅಂಜುತ್ತಾನೆ. ರಾಬರ್ಟ್ ವೈಟ್ ಆ ಮಾಣಿಗೆ ಹೇಳದೆ ಉಳಿಸಿದ ಮಾತು ಪೂರ್ತಿ ಸತ್ಯವಾಗಿತ್ತು. ಅದನ್ನು ದೃಢಪಡಿಸುವ ಒಂದು ಸಾಲು ಅಂದಿನ ಧ್ವನಿಮುದ್ರಿಕೆಯ ಮೇಲೆ ಇರಲಿಲ್ಲ, ಅಷ್ಟೆ.