ಹಾವೇರಿ ಸೀಮೆಯ ಪಾನಕ, ಏಲಕ್ಕಿ ಮತ್ತು ಲಿಂಬೆ

ಹಾವೇರಿ, ಬ್ಯಾಡಗಿ ಮತ್ತು ರಾಣೆಬೆನ್ನೂರು ಪಟ್ಟಣಗಳು ಹುಬ್ಬಳ್ಳಿಯಿಂದ ಹರಿಹರಕ್ಕೆ ಹೋಗುವ ರೈಲುಮಾರ್ಗದ ಮೇಲೆ ಒಂದರ ಹಿಂದೊಂದು ಬರುತ್ತವೆ. ಪಶ್ಚಿಮದಲ್ಲಿ ಹಾನಗಲ್ಲಿನ ಆಚೆ ಶಿರಸಿ-ಸಿದ್ದಾಪುರಗಳ ಮಲೆನಾಡು, ಪೂರ್ವದಲ್ಲಿ ತುಂಗಭದ್ರೆಯ ಆಚೆ ಬಳ್ಳಾರಿ ಸೀಮೆಯ ಒಣ ಬಯಲು ಇರುವುದರಿಂದ, ಕಾಡಿನ ಸಂಬಾರ ಪದಾರ್ಥಗಳೂ ಬಯಲಿನ ಬೆಳೆಗಳೂ ಕೈಬದಲಾಗುವ ಪೇಟೆಗಳು ಇಲ್ಲಿ ಬೆಳೆದವು. ಈ ಭಾಗದ ಬೇಸಿಗೆಯ ಪೇಯವಾದ ಪಾನಕವನ್ನು, ಅಂದರೆ ಬೆಲ್ಲ ಕರಗಿಸಿದ ನೀರಿಗೆ ಹುಳಿ, ಏಲಕ್ಕಿ, ಶುಂಠಿ, ಕಾಳುಮೆಣಸು ಕೂಡಿಸಿದ ತಂಪು ಪಾನೀಯವನ್ನು, ರಾಮನವಮಿಯ ನೈವೇದ್ಯವೆಂದಷ್ಟೇ ನೋಡಿದರೆ ಅದರ ಚರಿತ್ರೆಯ ಬಹುಭಾಗ ಕಣ್ಣಿಗೆ ಬೀಳುವುದಿಲ್ಲ. ಅದರ ಒಂದೊಂದು ಪದಾರ್ಥವೂ ಒಂದೊಂದು ದಾರಿಯಿಂದ ಬಂದು ಈ ಪೇಟೆಗಳಲ್ಲಿ ಕೂಡಿದೆ. ಥಾಯ್ಲೆಂಡ್ ಮಾದರಿಯ ಲಿಂಬೆ ಶರಬತ್ತು ಎಂಬ ಹೆಸರಿನಲ್ಲಿ ಇತ್ತೀಚೆಗೆ ಪರಿಚಯವಾಗುತ್ತಿರುವ ಪೇಯವನ್ನೂ ಈ ದಾರಿಗಳ ಚರಿತ್ರೆಯೊಳಗಿಟ್ಟು ನೋಡಿದಾಗಲೇ ಅದರಲ್ಲಿ ಹೊಸದೆಷ್ಟು, ಹಳೆಯದೆಷ್ಟು ಎಂಬುದು ತಿಳಿಯುತ್ತದೆ.

ಬಾಯಾರಿದವರಿಗೆ ಕುಡಿಯಲು ಕೊಡುವುದು ಈ ನಾಡಿನಲ್ಲಿ ಬಹುಕಾಲ ದಾನದ ಲೆಕ್ಕಕ್ಕೆ ಸೇರಿದ ಕೆಲಸವಾಗಿತ್ತು. ಕರ್ನಾಟಕದ ಮಧ್ಯಕಾಲೀನ ಶಾಸನಗಳಲ್ಲಿ ಕೆರೆ, ಬಾವಿ, ಸತ್ರಗಳ ಜೊತೆಗೆ ಅರವಂಟಿಗೆಯ ಪ್ರಸ್ತಾಪವೂ ಬರುತ್ತದೆ. ಅರವಂಟಿಗೆ, ಇಂದಿನ ಮಾತಿನಲ್ಲಿ ಅರವಟ್ಟಿಗೆ, ಎಂದರೆ ದಾರಿಹೋಕರ ಬಾಯಾರಿಕೆ ತಣಿಸಲು ನಡೆಸುವ ತಾಣ, ಅದರ ಖರ್ಚಿಗೆಂದು ಭೂಮಿಯನ್ನೋ ಆದಾಯದ ಒಂದು ಪಾಲನ್ನೋ ಬಿಟ್ಟುಕೊಡುವುದು ಪುಣ್ಯಕಾರ್ಯ. ಹಾವೇರಿಯ ಸಿದ್ಧೇಶ್ವರ, ಹಾನಗಲ್ಲಿನ ತಾರಕೇಶ್ವರ, ಗಳಗನಾಥದ ಗಳಗೇಶ್ವರ, ಚೌಡದಾನಪುರದ ಮುಕ್ತೇಶ್ವರ ದೇವಾಲಯಗಳು ಕಟ್ಟಲ್ಪಟ್ಟ ಹನ್ನೊಂದರಿಂದ ಹದಿಮೂರನೆಯ ಶತಮಾನದ ಆ ಕಾಲದಲ್ಲಿ ಜಾತ್ರೆಗೆ ಹೊರಟವರೂ ಎತ್ತುಗಳ ಮೇಲೆ ಹೇರು ಹೇರಿಕೊಂಡ ವ್ಯಾಪಾರಿಗಳೂ ಈ ಸೀಮೆಯನ್ನು ಹಾದುಹೋಗುತ್ತಿದ್ದರು. ಇಂದಿಗೂ ಬೇಸಿಗೆಯಲ್ಲಿ ಬಸ್‌ ನಿಲ್ದಾಣದ ಬಳಿ, ಪೇಟೆಯ ಮೂಲೆಯಲ್ಲಿ ಚಪ್ಪರ ಹಾಕಿ, ಮಣ್ಣಿನ ಹರವಿಗೆ ಒದ್ದೆ ಬಟ್ಟೆ ಸುತ್ತಿ ನೀರಿಡುವವರು ಆ ಪದ್ಧತಿಯನ್ನೇ ಮುಂದುವರಿಸಿದ್ದಾರೆ. ದಾವಣಗೆರೆ, ಚಿತ್ರದುರ್ಗದ ಕಡೆಯ ಜಾತ್ರೆಗಳಲ್ಲಿ ಪಾನಕವನ್ನು ಸಿಂಗರಿಸಿದ ಎತ್ತಿನ ಗಾಡಿಯಲ್ಲಿ ತಂದು ಭಕ್ತರಿಗೆ ಹಂಚುವ ಸಂಪ್ರದಾಯವೂ ಇದೇ ಬೇರಿನದು.

ಗ್ರಂಥಗಳಲ್ಲಿ ಪಾನೀಯಗಳ ವಿಚಾರ ಸಾಕಷ್ಟು ಹಿಂದಿನಿಂದ ಸಿಗುತ್ತದೆ. ಸುಮಾರು 1025ರಲ್ಲಿ ಚಾವುಂಡರಾಯನು ಕನ್ನಡದಲ್ಲಿ ಬರೆದ ‘ಲೋಕೋಪಕಾರ’ವು ಜನಬಳಕೆಯ ವಿದ್ಯೆಗಳ ಕೋಶವಾಗಿದ್ದು ಅಡುಗೆಗೂ ಸುಗಂಧದ್ರವ್ಯಗಳಿಗೂ ಅದರಲ್ಲಿ ಜಾಗವಿದೆ, ಕಲ್ಯಾಣ ಚಾಲುಕ್ಯರ ಮೂರನೆಯ ಸೋಮೇಶ್ವರನು 1129ರ ಸುಮಾರಿಗೆ ಸಂಸ್ಕೃತದಲ್ಲಿ ರಚಿಸಿದ ‘ಮಾನಸೋಲ್ಲಾಸ’ವು ಅನ್ನಭೋಗ, ಪಾನೀಯಭೋಗಗಳನ್ನು ಬೇರೆ ಬೇರೆಯಾಗಿ ವಿವರಿಸುತ್ತದೆ, ಹದಿನಾರನೆಯ ಶತಮಾನದ ಆರಂಭದಲ್ಲಿ ಮೂರನೆಯ ಮಂಗರಸನು ಷಟ್ಪದಿಯಲ್ಲಿ ಬರೆದ ‘ಸೂಪಶಾಸ್ತ್ರ’ವು ಪಾನಕಗಳಿಗೆಂದೇ ಒಂದು ಅಧ್ಯಾಯವನ್ನು ಮೀಸಲಿಟ್ಟಿದೆ. ಆದರೆ ಇವು ಹೆಚ್ಚಾಗಿ ಅರಮನೆಯ ಮತ್ತು ಉಳ್ಳವರ ರುಚಿಯ ದಾಖಲೆಗಳು. ರೈತನ ಮನೆಯ ಪಾನಕವನ್ನು ತಿಳಿಯಲು ಇಂದಿಗೂ ಉಳಿದಿರುವ ರೂಢಿಗಳೇ ಹೆಚ್ಚು ನೆರವಾಗುತ್ತವೆ. ಬಿಸಿಲಿನಲ್ಲಿ ಬಂದವರಿಗೆ ಮಾತಿಗೆ ಮೊದಲು ಒಂದು ತುಂಡು ಬೆಲ್ಲ, ಒಂದು ಚಂಬು ನೀರು ಕೊಡುವ ಉತ್ತರ ಕರ್ನಾಟಕದ ಪದ್ಧತಿಯನ್ನು ಪಾನಕದ ಅತ್ಯಂತ ಸರಳ ರೂಪವೆಂದು ಎಣಿಸಬಹುದು. ಯುಗಾದಿಯಂದು ಈ ಕಡೆಯ ಮನೆಗಳಲ್ಲಿ ಮಾಡುವ ಬೇವು ಕೂಡ ಮೈಸೂರು ಕಡೆಯಂತೆ ಬರಿಯ ಬೇವು-ಬೆಲ್ಲದ ಗುಳಿಗೆಯಾಗಿರದೆ, ಹುಣಸೆಹುಳಿ, ಬೆಲ್ಲ, ಪುಠಾಣಿ ಹಿಟ್ಟು, ಮಾವಿನಕಾಯಿ ತುರಿ, ಬೇವಿನ ಹೂವುಗಳನ್ನು ನೀರಿನಲ್ಲಿ ಕಲಸಿ ಬಟ್ಟಲಿನಲ್ಲಿ ಕುಡಿಯುವ ಪೇಯವೇ ಆಗಿದೆ. ಬಯಲಿನಲ್ಲಿ ಹುಣಸೆಮರ ನೀರು ಕೇಳದೆ ಬೆಳೆಯುತ್ತದೆ, ಲಿಂಬೆಗಿಡಕ್ಕೆ ಬಾವಿಯ ನೀರು ಬೇಕು. ಆದ್ದರಿಂದ ಬಡವರ ಪಾನಕದ ಹುಳಿ ಬಹುಮಟ್ಟಿಗೆ ಹುಣಸೆಯದೇ ಆಗಿದ್ದಿರಬೇಕೆಂದು ಊಹಿಸಲು ಕಾರಣವಿದೆ.

ಪಾನಕದ ಪರಿಮಳ ಏಲಕ್ಕಿಯದು, ಮತ್ತು ಏಲಕ್ಕಿಯೆಂದೊಡನೆ ಕನ್ನಡಿಗರಿಗೆ ನೆನಪಾಗುವ ಊರು ಹಾವೇರಿ. ಏಲಕ್ಕಿಗೆ ನೆರಳು, ತೇವ, ಮಲೆನಾಡಿನ ಮಣ್ಣು ಬೇಕು. ಇವುಗಳಲ್ಲಿ ಒಂದೂ ಹಾವೇರಿಯಲ್ಲಿಲ್ಲ. ಶಿರಸಿ, ಸಿದ್ದಾಪುರ, ಯಲ್ಲಾಪುರಗಳ ಅಡಿಕೆ ತೋಟಗಳಲ್ಲಿಯೂ ಮೈಸೂರು ಸೀಮೆಯ ಮಲೆನಾಡಿನಲ್ಲಿಯೂ ಬೆಳೆದ ಕಾಯಿ ಒಣಗಿ, ಘಟ್ಟದ ಅಂಚಿನ ದಾರಿ ಹಿಡಿದು ಇಲ್ಲಿಗೆ ಬರುತ್ತಿತ್ತು, ಇಲ್ಲಿ ತೊಳೆದು ಬಿಳುಪಾಗಿಸಿದ ಮೇಲೆಯೇ ದೂರದ ಪೇಟೆಗಳಿಗೆ ಹೊರಡುತ್ತಿತ್ತು. ಬ್ರಿಟಿಷರ ಕಾಲದ ವಿವರಣೆಗಳಲ್ಲಿ ದಾಖಲಾಗಿರುವ ಈ ಕಸುಬಿನ ಕ್ರಮ ಗಮನಿಸತಕ್ಕದ್ದು. ಅಂಟುವಾಳಕಾಯಿಯನ್ನೂ ಸೀಗೆಕಾಯಿಯನ್ನೂ ಕುಟ್ಟಿ ಕದಡಿದ ನೀರನ್ನು ಅಗಲಬಾಯಿಯ ಮಣ್ಣಿನ ಪಾತ್ರೆಗಳಲ್ಲಿ ತುಂಬಿ, ಅದರಲ್ಲಿ ಏಲಕ್ಕಿಯನ್ನು ಮುಳುಗಿಸಿ ಕೈಯಿಂದ ತಿರುವಿ ತೊಳೆದು, ಬುಟ್ಟಿಗೆ ಬಸಿದು, ಚಾಪೆಯ ಮೇಲೆ ಹರವಿ, ಆಗಾಗ ನೀರು ಚಿಮುಕಿಸಿ, ಬಿಸಿಲಿಗೆ ಒಣಗಿಸುತ್ತಿದ್ದರು. ಬಳಿಕ ಹೆಂಗಸರು ಕತ್ತರಿ ಹಿಡಿದು ಒಂದೊಂದು ಕಾಯಿಯ ತೊಟ್ಟನ್ನೂ ಕತ್ತರಿಸುತ್ತಿದ್ದರು, ಕೆಲವು ದರ್ಜೆಯ ಕಾಯಿಗೆ ಮೇಲೊಂದು ತೆಳುವಾದ ಗಂಜಿಯ ಲೇಪವೂ ಆಗುತ್ತಿತ್ತು. ಊರಿನ ಬಾವಿಯ ನೀರಿಗೇ ಬಿಳುಪು ಕೊಡುವ ಗುಣವಿದೆಯೆಂಬ ನಂಬಿಕೆ ಈ ಕಸುಬು ಇಲ್ಲಿ ನೆಲೆನಿಂತುದಕ್ಕೆ ಒಂದು ಕಾರಣವೆನ್ನುತ್ತಾರೆ. ಮಲೆನಾಡಿನ ಮಳೆ ಮೋಡದಿಂದ ಹೊರಬಂದ ಸರಕಿಗೆ ಬಯಲಿನ ಒಣ ಬಿಸಿಲು ಸಿಗುತ್ತಿದ್ದುದು ಅಷ್ಟೇ ಮುಖ್ಯವಾದ ಕಾರಣವಾಗಿರಬೇಕು.

ಈ ವ್ಯಾಪಾರದ ಇನ್ನೊಂದು ಕವಲು ಏಲಕ್ಕಿ ಹಾರ. ಪಟ್ವೇಗಾರ ಮನೆತನದ ಕುಶಲಿಗಳು ಏಲಕ್ಕಿಯನ್ನು ಜರಿ, ರೇಷ್ಮೆ ಎಳೆಗಳೊಂದಿಗೆ ಪೋಣಿಸಿ ಕಟ್ಟುವ ಹಾರಗಳು ಸನ್ಮಾನಗಳಲ್ಲಿಯೂ ಮದುವೆಗಳಲ್ಲಿಯೂ ಹಾವೇರಿಯ ಗುರುತಾಗಿ ನಿಂತಿವೆ. 2023ರ ಜನವರಿಯಲ್ಲಿ ಈ ಊರಿನಲ್ಲಿ 86ನೆಯ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನ ನಡೆದಾಗಲೂ ಏಲಕ್ಕಿ ಕಂಪಿನ ನಾಡೆಂಬ ಹೆಸರೇ ಎಲ್ಲೆಡೆ ಕೇಳಿಬಂತು. ಆದರೆ ಬಿಳುಪಾದ ಕಾಯಿ ಕಣ್ಣಿಗೆ ಚೆಲುವಾದರೂ ಪಾನಕಕ್ಕೆ ಹಸಿರು ಕಾಯಿಯೇ ಮೇಲು, ಏಕೆಂದರೆ ತೊಳೆತ ಮತ್ತು ಬಿಸಿಲಿನಲ್ಲಿ ಬೀಜದ ಸುಗಂಧತೈಲ ಸ್ವಲ್ಪ ಆರಿಹೋಗಿರುತ್ತದೆ. ಮನೆಯಲ್ಲಿ ಬೀಜವನ್ನು ಚೂರು ಬೆಲ್ಲದ ಜೊತೆ ಕುಟ್ಟಿ ಪಾನಕಕ್ಕೆ ಹಾಕಿ, ಸಿಪ್ಪೆಯನ್ನು ಚಹಾಪುಡಿಯ ಡಬ್ಬಿಗೆ ಸೇರಿಸುತ್ತಾರೆ.

ಬ್ಯಾಡಗಿಯ ಕಥೆ ಪಾನಕದ ದೃಷ್ಟಿಯಿಂದ ಬೇರೆಯೇ ಆಗಿದೆ. ಮೆಣಸಿನಕಾಯಿ ಅಮೆರಿಕ ಖಂಡದ ಬೆಳೆ. ಪೋರ್ಚುಗೀಸರು 1510ರಲ್ಲಿ ಗೋವೆಯನ್ನೂ 1511ರಲ್ಲಿ ಮಲಾಕ್ಕವನ್ನೂ ಹಿಡಿದು, ಅದೇ ವರ್ಷ ಥಾಯ್ ಅರಸರ ರಾಜಧಾನಿಯಾಗಿದ್ದ ಅಯುತ್ಥಯಕ್ಕೆ ದೂತನನ್ನು ಕಳಿಸಿದರು, ಮುಂದಿನ ಕಾಲದಲ್ಲಿ ಅವರ ಹಡಗುಗಳ ಸಂಪರ್ಕದಿಂದ ಈ ಬೆಳೆ ಕನ್ನಡ ನಾಡಿಗೂ ಥಾಯ್ ನಾಡಿಗೂ ಹಬ್ಬಿ ಎರಡೂ ಕಡೆಯ ಅಡುಗೆಯನ್ನು ಆಕ್ರಮಿಸಿತು. ಬಣ್ಣ ಹೆಚ್ಚಾಗಿದ್ದು ಖಾರ ಕಡಿಮೆಯಿರುವ, ಮೈತುಂಬ ನೆರಿಗೆಗಳಿರುವ ಬ್ಯಾಡಗಿ ಮೆಣಸಿನಕಾಯಿ 2011ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆಯನ್ನು, ಅಂದರೆ ಆ ಸೀಮೆಯ ಸರಕಿಗೆ ಮಾತ್ರ ಆ ಹೆಸರು ಸಲ್ಲುತ್ತದೆಂಬ ಕಾನೂನಿನ ರಕ್ಷಣೆಯನ್ನು, ಪಡೆಯಿತು. ಅದರಿಂದ ತೆಗೆಯುವ ಓಲಿಯೋರೆಸಿನ್ ಎಂಬ ಕೆಂಪು ಸಾರ ಆಹಾರಕ್ಕೂ ಸೌಂದರ್ಯ ಸಾಮಗ್ರಿಗೂ ಬಣ್ಣವಾಗಿ ಹೊರದೇಶಗಳಿಗೆ ಹೋಗುತ್ತದೆ. ಇಷ್ಟು ದೊಡ್ಡ ಮೆಣಸಿನಕಾಯಿ ಪೇಟೆಯ ನೆರಳಿನಲ್ಲಿಯೂ ಪಾನಕದ ಖಾರ ಮಾತ್ರ ಕಾಳುಮೆಣಸು ಮತ್ತು ಒಣಶುಂಠಿಯದೇ ಆಗಿ ಉಳಿದಿದೆ. ದೇವರಿಗೆ ಅರ್ಪಿಸುವ ಪದಾರ್ಥಗಳಲ್ಲಿ ಹಳೆಯ ಪಾಕಕ್ರಮ ಸುಲಭಕ್ಕೆ ಬದಲಾಗುವುದಿಲ್ಲ. ಆ ಕಾರಣದಿಂದ ಪಾನಕವು ಮೆಣಸಿನಕಾಯಿ ಬರುವ ಮೊದಲಿನ ಕನ್ನಡ ನಾಲಿಗೆಯನ್ನು ಇಂದಿಗೂ ಕಾಪಾಡಿಕೊಂಡಿದೆಯೆನ್ನಬೇಕು, ಮತ್ತು ಇದು ಅದರ ಬಹಳ ಬೆಲೆಯುಳ್ಳ ಗುಣ.

ಲಿಂಬೆಯ ಮೂಲವನ್ನು ಅರಸಿದರೆ ಥಾಯ್ ನಾಡಿನ ನಂಟು ಇನ್ನೂ ಹಿಂದಕ್ಕೆ ಹೋಗುತ್ತದೆ. ತೆಳು ಸಿಪ್ಪೆಯ, ಸಣ್ಣ ಗಾತ್ರದ ಕಾಗದಿ ಲಿಂಬೆಯು ಎರಡು ಮರಗಳ ಮಿಶ್ರತಳಿಯೆಂದು ವಂಶವಾಹಿಗಳ ಅಧ್ಯಯನ ತೋರಿಸಿದೆ: ಒಂದು, ಪೂರ್ವ ಹಿಮಾಲಯದ ತಪ್ಪಲಿನ ಮಾದಲ, ಇನ್ನೊಂದು, ಫಿಲಿಪ್ಪೀನ್ಸ್ ದ್ವೀಪಗಳ ಸಿಟ್ರಸ್ ಮೈಕ್ರಾಂತಾ ಎಂಬ ಕಾಡುಹುಳಿ. ಥಾಯ್ ಜನ ಮನಾವ್ ಎನ್ನುವುದು ಈ ಹಣ್ಣನ್ನೇ. ಅದರ ರಸ, ಸಕ್ಕರೆ ಪಾಕ, ನೀರು ಮತ್ತು ಒಂದು ಚಿಟಿಕೆ ಉಪ್ಪು ಸೇರಿಸಿ ಮಂಜುಗಡ್ಡೆ ಹಾಕಿ ಕುಡಿಯುವ ಪೇಯಕ್ಕೆ ನಾಮ್ ಮನಾವ್ ಎಂದು ಹೆಸರು. ಹಾವೇರಿ ಜಿಲ್ಲೆಯ ಲಿಂಬಿಹಣ್ಣಿನ ಶರಬತ್ತಿಗೂ ಇದಕ್ಕೂ ಹಣ್ಣಿನಲ್ಲಾಗಲಿ ಕ್ರಮದಲ್ಲಾಗಲಿ ಹೆಚ್ಚು ಅಂತರವಿಲ್ಲ.

ಪಾನಕ ಶರಬತ್ತಾದುದು, ಬೆಲ್ಲದ ಜಾಗಕ್ಕೆ ಸಕ್ಕರೆ ಬಂದುದು ರೈಲಿನ ನಂತರದ ಬೆಳವಣಿಗೆ. ಸದರ್ನ್ ಮರಾಠಾ ರೈಲ್ವೆಯು 1880ರ ದಶಕದಲ್ಲಿ ಹುಬ್ಬಳ್ಳಿ-ಹರಿಹರ ಮಾರ್ಗವನ್ನು ಹಾಕಿದಾಗ ಈ ಮೂರೂ ಊರುಗಳು ಮುಂಬಯಿ ಮತ್ತು ಬೆಂಗಳೂರುಗಳೆರಡಕ್ಕೂ ಹತ್ತಿರವಾದವು. 1932ರ ಸಕ್ಕರೆ ಉದ್ಯಮ ರಕ್ಷಣಾ ಕಾಯ್ದೆಯು ಆಮದು ಸಕ್ಕರೆಯ ಮೇಲೆ ಸುಂಕ ಏರಿಸಿದ ಮೇಲೆ ದೇಶದೊಳಗಿನ ಕಾರ್ಖಾನೆಗಳು ಬೇಗ ಹೆಚ್ಚಿದವು, ಬಿಳಿ ಸಕ್ಕರೆ ಹಳ್ಳಿಯ ಅಂಗಡಿಗೂ ಇಳಿಯಿತು. ಇದೇ ಕಾಲಾವಧಿಯಲ್ಲಿ ಪೇಟೆಗಳಿಗೆ ಗೋಲಿ ಸೋಡಾ ಬಂತು. ಇಂಗ್ಲೆಂಡಿನ ಹೈರಮ್ ಕಾಡ್ 1870ರ ದಶಕದ ಆರಂಭದಲ್ಲಿ ರೂಪಿಸಿದ ಈ ಬಾಟಲಿಯ ಕುತ್ತಿಗೆಯಲ್ಲಿ ಒಂದು ಗಾಜಿನ ಗೋಲಿ, ಬಾಯಿಯ ಒಳಗೆ ಒಂದು ರಬ್ಬರಿನ ಉಂಗುರ ಇರುತ್ತವೆ. ಬಾಟಲಿಯನ್ನು ತಲೆಕೆಳಗಾಗಿ ಹಿಡಿದು ಅನಿಲ ತುಂಬಿದಾಗ ಗೋಲಿ ಉಂಗುರದ ಮೇಲೆ ಬಂದು ಕೂರುತ್ತದೆ, ನೆಟ್ಟಗೆ ನಿಲ್ಲಿಸಿದ ಮೇಲೂ ಒಳಗಿನ ಅನಿಲದ ಒತ್ತಡವೇ ಅದನ್ನು ಅಲ್ಲಿ ಹಿಡಿದಿಡುತ್ತದೆ, ಹೆಬ್ಬೆರಳಿನಿಂದಲೋ ಮರದ ಒತ್ತುಗುಂಡಿಯಿಂದಲೋ ಅದುಮಿದಾಗ ಮಾತ್ರ ಬಾಯಿ ತೆರೆಯುತ್ತದೆ. ಸೋಡಾಕ್ಕೆ ಲಿಂಬೆ ಹಿಂಡಿ, ಗಿರಾಕಿ ಕೇಳಿದಂತೆ ಸಿಹಿ, ಉಪ್ಪು ಅಥವಾ ಎರಡನ್ನೂ ಸೇರಿಸಿ ಕೊಡುವ ಅಂಗಡಿ ಗಾಡಿಗಳಿಂದಾಗಿ ಥಾಯ್ ಪೇಯದ ಉಪ್ಪು-ಸಿಹಿ-ಹುಳಿಯ ಕೂಟ ಈ ಊರುಗಳಿಗೆ ಬಹು ಹಿಂದೆಯೇ ಬಳಕೆಯಾಗಿತ್ತು. ಆದರೆ ಈ ಬದಲಾವಣೆಯ ತೂಕ ರುಚಿಗಿಂತ ಬೇರೆ ಕಡೆಗಿದೆ: ಅರವಟ್ಟಿಗೆಯಲ್ಲಿ ಕೇಳಿದವರಿಗೆಲ್ಲ ಸಿಗುತ್ತಿದ್ದ ತಂಪು ಈಗ ಕಾಸು ಇದ್ದವರಿಗೆ ಸಿಗುವ ಸರಕಾಯಿತು, ಕಾರ್ಖಾನೆಯ ಬಣ್ಣದ ಬಾಟಲಿಗಳು ಬಂದ ಮೇಲಂತೂ ಅದರ ತಯಾರಿಕೆಯೂ ಊರಿನ ಕೈಯಿಂದ ಜಾರಿತು. ಇದು ಸಣ್ಣ ನಷ್ಟವೇನಲ್ಲ.

ಆದ್ದರಿಂದಲೇ ಈ ಪೇಯವನ್ನು ಮತ್ತೆ ಮನೆಯಲ್ಲಿ ಮಾಡುವ ಉತ್ಸಾಹ, ಅದು ಥಾಯ್ ಹೆಸರಿನಲ್ಲಿ ಬಂದರೂ ಸರಿಯೆ, ಸ್ವಾಗತಾರ್ಹ. ಮಾಡುವ ಕ್ರಮದಲ್ಲಿ ಗಮನಿಸಬೇಕಾದುದು ಕೆಲವೇ ಸಂಗತಿ. ಸಕ್ಕರೆಯನ್ನು ಸ್ವಲ್ಪ ಬಿಸಿನೀರಿನಲ್ಲಿ ಕರಗಿಸಿ ಪೂರ್ತಿ ಆರಿದ ಮೇಲೆಯೇ ಲಿಂಬೆರಸ ಸೇರಿಸಬೇಕು, ಇಲ್ಲವಾದರೆ ಬಿಸಿಗೆ ಅದರ ಸುವಾಸನೆ ಹಾರಿಹೋಗುತ್ತದೆ. ಹೋಳನ್ನು ಸಿಪ್ಪೆ ಮಗುಚುವಷ್ಟು ಹಿಂಡಿದರೆ ಸಿಪ್ಪೆಯ ಕಹಿ ರಸಕ್ಕಿಳಿಯುತ್ತದೆ, ಹಿಂಡಿಟ್ಟ ರಸವೂ ಹೊತ್ತು ಕಳೆದಂತೆ ಕಹಿಗೆ ತಿರುಗುತ್ತದೆ. ಚಿಟಿಕೆ ಉಪ್ಪು ಇಂಥ ಕಹಿಯನ್ನು ನಾಲಿಗೆಗೆ ಮರೆಮಾಡಿ ಸಿಹಿಯನ್ನು ಮುಂದೆ ತರುತ್ತದೆ, ಥಾಯ್ ಅಡುಗೆಯವರು ಅದನ್ನು ಬಿಡದಿರಲು ಕಾರಣ ಇದೇ. ಕೆಲವರು ಸೇರಿಸುವ ಲಿಂಬೆ ವಾಸನೆಯ ಹುಲ್ಲಿಗೆ ಬೆಂಗಳೂರಿನ ದೊಡ್ಡ ಅಂಗಡಿಗಳನ್ನು ಹುಡುಕಬೇಕಾಗಿಲ್ಲ. ಮಲೆನಾಡಿನ ಹಿತ್ತಿಲುಗಳಲ್ಲಿ ಮಜ್ಜಿಗೆ ಹುಲ್ಲೆಂದು ಕರೆಯುವ ಗಿಡವೇ ಅದು, ಪಾಕ ಕುದಿಯುವಾಗ ಅದರ ಒಂದು ಕಂತೆಯನ್ನು ಜಜ್ಜಿ ಹಾಕಿ ಆರಿದ ಮೇಲೆ ತೆಗೆದರೆ ಸಾಕು. ಸಕ್ಕರೆಯ ಬದಲು ಬೆಲ್ಲ ಬಳಸುವವರು ಅದನ್ನು ತಣ್ಣೀರಿನಲ್ಲಿ ನೆನೆಸಿ, ಒದ್ದೆ ಬಟ್ಟೆಯಲ್ಲಿ ಸೋಸಿ ಮಣ್ಣು-ಕಸ ತೆಗೆದ ಮೇಲೆ ಒಮ್ಮೆ ರುಚಿ ನೋಡಬೇಕು. ಬೆಲ್ಲದಲ್ಲಿಯೇ ತುಸು ಉಪ್ಪಿನಂಶ ಇರುವುದರಿಂದ ಚಿಟಿಕೆ ಉಪ್ಪನ್ನು ಅರ್ಧಕ್ಕೆ ಇಳಿಸುವುದು ಒಳ್ಳೆಯದು.