ಪಾರಿಜಾತದ ಪದ, ಪಾರಿಜಾತದ ಧಾಟಿ

ಗೋಕಾಕ ಸೀಮೆಯ ಶ್ರೀಕೃಷ್ಣ ಪಾರಿಜಾತದ ಬಗ್ಗೆ ಬರೆಯುವವರು ಹೆಚ್ಚಾಗಿ ಕರ್ತೃತ್ವದ ಪ್ರಶ್ನೆಯಲ್ಲೇ ನಿಲ್ಲುತ್ತಾರೆ. ಅಪರಾಳ ತಮ್ಮಣ್ಣನ ಕೃತಿ ಎಷ್ಟು, ಅದನ್ನು ಬಯಲಾಟಕ್ಕೆ ಒಗ್ಗಿಸಿದ ಕುಲಗೋಡ ತಮ್ಮಣ್ಣನ ಕೈಗೆಲಸ ಎಷ್ಟು? ಪ್ರಶ್ನೆ ಸಣ್ಣದಲ್ಲ. ಆದರೆ ಪಾರಿಜಾತ ಇರುಳಿಡೀ ಹಾಡುವ ಆಟ. ನಾರದ ತಂದ ಹೂ ರುಕ್ಮಿಣಿಯ ಪಾಲಾಗಿ ಸತ್ಯಭಾಮೆ ಮುನಿಯುವ ಇಷ್ಟೇ ಕಥೆ ಬೆಳಗಿನತನಕ ನಡೆಯುವುದು ಭಾಗವತ, ದೂತಿಯರ ಮಾತಿನ ಚಕಮಕಿಯಿಂದ, ಅದಕ್ಕೂ ಮಿಗಿಲಾಗಿ ಹಾಡಿನಿಂದ. ಬಯಲಾಟದ ಹಸ್ತಪ್ರತಿಗಳಲ್ಲಿ ಪದದ ನೆತ್ತಿಯ ಮೇಲೆ ರಾಗ, ತಾಳದ ಹೆಸರು ಕಾಣುತ್ತದೆ. ಧಾಟಿ ಮಾತ್ರ ಬಾಯಿಂದ ಬಾಯಿಗೆ ಬಂದದ್ದು.

ಜಪಾನಿನ ಅರಮನೆ ಸಂಗೀತ ಗಗಾಕುವಿನ ಸ್ಥಿತಿ ಬೇರೆ. 12ನೆಯ ಶತಮಾನದಲ್ಲೇ ಫುಜಿವಾರಾ ನೊ ಮೊರೊನಾಗ ಬೀವಾ, ಕೋತೊ ವಾದ್ಯಗಳ ಸ್ವರಲಿಪಿಯನ್ನು ಸಂಗ್ರಹಿಸಿಟ್ಟ. ಕೇಂಬ್ರಿಜ್‌ನ ಲಾರೆನ್ಸ್ ಪಿಕನ್, ವೃತ್ತಿಯಿಂದ ಪ್ರಾಣಿಶಾಸ್ತ್ರಜ್ಞ, ತನ್ನ ಶಿಷ್ಯರೊಡನೆ ಇಂಥ ಹಳೆಯ ಲಿಪಿಗಳನ್ನು ಓದಿ, ಚೀನಾದ ಟಾಂಗ್ ಆಸ್ಥಾನದಿಂದ ಬಂದ ಈ ರಚನೆಗಳ ನಡೆ ಶತಮಾನಗಳಲ್ಲಿ ಹಲವು ಪಟ್ಟು ನಿಧಾನವಾಯಿತು ಎಂದು ವಾದಿಸಿದ. ಎಲ್ಲರೂ ಇದನ್ನು ಒಪ್ಪಲಿಲ್ಲ. ಆದರೂ ಜಗಳಕ್ಕೆ ಅಲ್ಲಿ ಆಧಾರವಿದೆ.

ಪಾರಿಜಾತಕ್ಕೆ ಅಂಥ ಆಧಾರವಿಲ್ಲ. ಪಾರಿಜಾತದ ಹಳೆಯ ಕಲಾವಿದೆ ಕೌಜಲಗಿ ನಿಂಗಮ್ಮನ ಪದಗಳ ನಡೆ ಇಂದಿನ ಮೇಳಗಳ ನಡೆಗಿಂತ ವಿಳಂಬವಾಗಿತ್ತೇ ಎಂದು ಕೇಳಿದರೆ ಮುದ್ರಿತ ಪಠ್ಯ ಉತ್ತರ ಕೊಡಲಾರದು. ಪೇಟಿಯ ಪ್ರಶ್ನೆಯೂ ಹಾಗೆಯೇ. ಹಾರ್ಮೋನಿಯಂ ಬಂದಮೇಲೆ ಹಾಡುಗಾರರ ಸ್ವರ ಅದರ ಮನೆಗಳಿಗೆ ಕಟ್ಟುಬಿದ್ದಿರಬೇಕು ಎಂಬುದು ನನ್ನ ಊಹೆ. ಪೇಟಿ ಮಾಸ್ತರರು ಕರಿ ಎರಡೋ ಬಿಳಿ ನಾಲ್ಕೋ ಎಂದು ಶ್ರುತಿ ಹೇಳುವ ರೂಢಿಯನ್ನೂ ಸಾಕ್ಷ್ಯವೆಂದು ಬರೆದುಕೊಳ್ಳಬೇಕು.

ಹೀಗಾಗಿ ಈ ಭಾಗದ ಧಾಟಿಯ ಲಿಖಿತವಲ್ಲದ ಚರಿತ್ರೆ ಗಟ್ಟಿ ನೆಲ ಕಾಣುವುದು ಧ್ವನಿಮುದ್ರಣದಿಂದ. ಧಾರವಾಡ ಆಕಾಶವಾಣಿ ಶುರುವಾದದ್ದು 1950ರಲ್ಲಿ. ಹುಕ್ಕೇರಿ ಬಾಳಪ್ಪನವರ (ಹೆಸರಿಗೆ ಹುಕ್ಕೇರಿ, ಊರು ಮುರಗೋಡ) ಜನಪದ ಹಾಡುಗಳನ್ನು ನಾವು ಇಂದಿಗೂ ಅವರದೇ ದನಿಯಲ್ಲಿ ಕೇಳಬಲ್ಲೆವು. ಪಾರಿಜಾತಕ್ಕೂ ಅದೇ ದಾರಿ: ಒಂದೇ ಪದವನ್ನು ಬೇರೆ ಬೇರೆ ಮೇಳಗಳಿಂದ ಹಾಡಿಸಿ, ಭಾತಖಂಡೆ ಸ್ವರಲಿಪಿಯಲ್ಲಿ ಅಕ್ಕಪಕ್ಕ ಬರೆದು ನೋಡುವುದು. ಪಾಠಾಂತರ ಗುರುತಿಸುವ ಶಿಸ್ತು ಧಾಟಿಗೂ ಸಲ್ಲಬೇಕು.

ಗೋಕಾಕ, ಮೂಡಲಗಿ, ಹುಕ್ಕೇರಿ ಕಡೆಯ ಓದುಗರ ಮನೆಯ ಅಟ್ಟದಲ್ಲಿ ಪಾರಿಜಾತದ ಹಳೆಯ ಕ್ಯಾಸೆಟ್ಟುಗಳಿದ್ದರೆ, ದಯವಿಟ್ಟು ಹಾಡಿದವರ ಹೆಸರು, ಊರು, ವರ್ಷವನ್ನು ಅವುಗಳ ಮೇಲೆ ಈಗಲೇ ಬರೆದಿಡಿ.